ಜಪಾನಿನ ಚಿತ್ರತಾರೆಯರು: ಪುಸ್ತಕಗಳು ಹೇಳುವ ಕಥೆ

ಬಾನುಲಿಯ ಮುಂದೆ ಕುಳಿತಾಗ ತಮಗೆ ದನಿ ಕೇಳಿಸುತ್ತದೆ, ಮುಖ ಕಾಣಿಸುವುದಿಲ್ಲ. ವಾರ್ತೆ ಓದುವವರ, ನಾಟಕದಲ್ಲಿ ಮಾತನಾಡುವವರ ಮುಖವನ್ನು ತಾವೇ ಮನಸ್ಸಿನಲ್ಲಿ ಕಲ್ಪಿಸಿಕೊಳ್ಳುತ್ತೀರಿ. ಮುಂದೆ ಎಂದಾದರೊಮ್ಮೆ ಆ ವ್ಯಕ್ತಿಯನ್ನು ಕಣ್ಣಾರೆ ಕಂಡಾಗ, 'ಇವರೇ ಏನು ಅವರು?' ಎಂದು ಆಶ್ಚರ್ಯಪಡುವುದೂ ಉಂಟು. ಮೂಕಚಿತ್ರಗಳ ಕಾಲದಲ್ಲಿ ಪರಿಸ್ಥಿತಿ ಇದಕ್ಕೆ ತಿರುಗುಮುರುಗಾಗಿತ್ತು. ತೆರೆಯ ಮೇಲೆ ಮುಖವಿತ್ತು, ದನಿಯಿರಲಿಲ್ಲ. ಆ ಕೊರತೆಯನ್ನು ಜಪಾನಿನ ಜನ ತಮ್ಮದೇ ಆದ ರೀತಿಯಲ್ಲಿ ತುಂಬಿಕೊಂಡರು. ಅಲ್ಲಿನ ಚಿತ್ರತಾರೆಯರ ಕಥೆ ಅಲ್ಲಿಂದಲೇ ಪ್ರಾರಂಭವಾಗುತ್ತದೆ. ಆ ಕಥೆಯನ್ನು ಹೇಳುವ ಕೆಲವು ಪುಸ್ತಕಗಳನ್ನು ತಮಗೆ ಪರಿಚಯ ಮಾಡಿಕೊಡಬೇಕೆಂಬುದು ಈ ಲೇಖನದ ಉದ್ದೇಶ.

ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳುವವನಿಗೆ ಜಪಾನಿನ ಸಿನಿಮಾದ ಗೊಡವೆ ಏಕೆ ಎಂದು ತಾವು ಕೇಳಬಹುದು. ಅದಕ್ಕೆ ಕಾರಣವುಂಟು. ಪಂಡಿತ ಪರೀಕ್ಷೆಗೆ ಓದುತ್ತಿದ್ದಾಗ ಅಲಂಕಾರಶಾಸ್ತ್ರದಲ್ಲಿ ನಮಗೊಂದು ಮಾತು ಬರುತ್ತಿತ್ತು. ಭರತನ ನಾಟ್ಯಶಾಸ್ತ್ರಕ್ಕೆ ವ್ಯಾಖ್ಯಾನ ಬರೆದ ಅಭಿನವಗುಪ್ತನು, ನಟನಿಗೆ 'ಪಾತ್ರ' ಎಂಬ ಹೆಸರು ಏಕೆ ಬಂತೆಂದು ವಿವರಿಸುತ್ತಾನೆ. ಪಾತ್ರವೆಂದರೆ ಪಾತ್ರೆ. ಪಾತ್ರೆಯಲ್ಲಿ ತುಂಬಿದ ಮದ್ಯದ ರುಚಿ ಕುಡಿಯುವವನಿಗೆ ತಿಳಿಯುತ್ತದೆಯೇ ಹೊರತು ಪಾತ್ರೆಗೆ ತಿಳಿಯುವುದಿಲ್ಲ. ಹಾಗೆಯೇ ರಸದ ಆಸ್ವಾದ ಪ್ರೇಕ್ಷಕನಿಗೆ, ನಟನಿಗಲ್ಲ. ಮಾತು ಬಹು ಸೊಗಸಾದದ್ದು. ಆದರೆ ಪಾತ್ರೆಯೂ ಒಂದು ಜೀವವಾಗಿದ್ದರೆ, ಪ್ರೇಕ್ಷಕರು ಸುರಿದದ್ದನ್ನೆಲ್ಲ ಹಿಡಿದಿಟ್ಟುಕೊಂಡ ಆ ಜೀವಕ್ಕೆ ಏನಾಗುತ್ತದೆ? ಶಾಸ್ತ್ರ ಅದನ್ನು ಕೇಳಲಿಲ್ಲ. ಕೇಳಬೇಕಾದುದು ಅದರ ಕೆಲಸವೂ ಅಲ್ಲ. ಈ ಪ್ರಶ್ನೆಗೆ ಉತ್ತರ ನನಗೆ ದೊರೆತದ್ದು ಜಪಾನಿನ ತಾರೆಯರನ್ನು ಕುರಿತ ಪುಸ್ತಕಗಳಲ್ಲಿ.

ಮೊದಲು ಇತಿಹಾಸದ ಗ್ರಂಥವೊಂದನ್ನು ನೋಡೋಣ. 1950ರಲ್ಲಿ ತಯಾರಾದ ಅಕಿರ ಕುರೊಸಾವರ 'ರಾಶೋಮಾನ್' 1951ರಲ್ಲಿ ವೆನಿಸ್ ನಗರದ ಚಿತ್ರೋತ್ಸವದಲ್ಲಿ ಅತ್ಯುಚ್ಚ ಬಹುಮಾನವನ್ನು ಪಡೆಯಿತು. 1952ರಲ್ಲಿ ನಮ್ಮ ದೇಶದಲ್ಲಿ ನಡೆದ ಪ್ರಥಮ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ತೋರಿಸಿದ ಚಿತ್ರಗಳಲ್ಲಿ ಅದೂ ಒಂದು. ಜಪಾನಿನಲ್ಲಿ ಇಂಥ ಚಿತ್ರಕಲೆಯೊಂದು ಬೆಳೆದಿದೆಯೆಂದು ಹೊರಗಿನ ಲೋಕಕ್ಕೆ ತಿಳಿದದ್ದೇ ಆಗ. ಅದರ ಹಿಂದಿನ ಐವತ್ತು ವರ್ಷಗಳ ಚರಿತ್ರೆಯನ್ನು ಇಂಗ್ಲಿಷಿನಲ್ಲಿ ವಿಸ್ತಾರವಾಗಿ ಬರೆದವರು ಜೋಸೆಫ್ ಆಂಡರ್‌ಸನ್ ಮತ್ತು ಡೊನಾಲ್ಡ್ ರಿಚಿ ಎಂಬ ಇಬ್ಬರು ಅಮೆರಿಕನರು. 'ದಿ ಜಪಾನೀಸ್ ಫಿಲ್ಮ್: ಆರ್ಟ್ ಅಂಡ್ ಇಂಡಸ್ಟ್ರಿ' ಎಂಬ ಅವರ ಗ್ರಂಥ 1959ರಲ್ಲಿ ಹೊರಬಂತು; 1982ರಲ್ಲಿ ವಿಸ್ತೃತ ಆವೃತ್ತಿಯೂ ಬಂತು. ಕಂಪನಿಗಳು ಹೇಗೆ ಹುಟ್ಟಿದವು, ಹೇಗೆ ಒಡೆದವು, ಯಾರು ಯಾವ ಚಿತ್ರ ತೆಗೆದರು ಎಂಬುದನ್ನು ತಿಳಿಯಬೇಕಾದರೆ ಇಂದಿಗೂ ಅದು ಆಧಾರಗ್ರಂಥವೇ. ಆದರೆ ಅದರ ಕಣ್ಣು ಮುಖ್ಯವಾಗಿ ನಿರ್ದೇಶಕರ ಮೇಲೆ. ಟಿಕೆಟ್ಟಿಗಾಗಿ ಸಾಲು ನಿಂತ ಜನ ಮಾತ್ರ ನಿರ್ದೇಶಕರನ್ನು ನೋಡಲು ಬಂದವರಲ್ಲ. ನಟನಟಿಯರನ್ನು ನೋಡಲು ಬಂದವರು. ಅವರ ಕಥೆಗೆ ಬೇರೆ ಪುಸ್ತಕಗಳನ್ನೇ ತೆರೆಯಬೇಕು.

ಅಂಥವುಗಳಲ್ಲಿ ಮುಖ್ಯವಾದದ್ದು ಹಿದೆಅಕಿ ಫುಜಿಕಿ ಎಂಬ ಜಪಾನೀ ವಿದ್ವಾಂಸರು ಬರೆದ 'ಮೇಕಿಂಗ್ ಪರ್ಸೋನಾಸ್'. ಇಂಗ್ಲಿಷಿನಲ್ಲಿ ಅದು 2013ರಲ್ಲಿ ಪ್ರಕಟವಾಯಿತು. ತಾರೆ ಎಂಬುದು ಹುಟ್ಟುವ ವಸ್ತುವಲ್ಲ, ತಯಾರಾಗುವ ವಸ್ತು. ಕಂಪನಿ, ಪತ್ರಿಕೆ, ಪ್ರೇಕ್ಷಕ ಮೂವರೂ ಸೇರಿ ಅದನ್ನು ಮಾಡುತ್ತಾರೆ ಎಂಬುದು ಅವರ ವಾದ. ಜಪಾನಿನಲ್ಲಿ ಮೊದಲು ಹೀಗೆ ತಾರೆಗಳಾದವರು ತೆರೆಯ ಮೇಲಿನವರಲ್ಲ, ತೆರೆಯ ಪಕ್ಕದಲ್ಲಿ ನಿಂತವರು. ಅವರನ್ನು 'ಬೆನ್ಷಿ' ಎಂದು ಕರೆಯುತ್ತಿದ್ದರು. ಚಿತ್ರ ಓಡುತ್ತಿರುವಾಗ ಬೆನ್ಷಿಯು ಬದಿಯಲ್ಲಿ ನಿಂತು ಕಥೆ ಹೇಳುವನು. ನಾಯಕನಿಗೆ ಒಂದು ದನಿ, ನಾಯಿಕೆಗೆ ಒಂದು ದನಿ, ಮುದುಕನಿಗೆ ಇನ್ನೊಂದು. ನಮ್ಮ ಹರಿಕಥೆಯ ದಾಸರು ಒಬ್ಬರೇ ರಾಮನೂ ಆಗಿ ರಾವಣನೂ ಆಗಿ ಮಾತನಾಡುವುದನ್ನು ತಾವು ಕೇಳಿದ್ದರೆ ಇದನ್ನು ಸುಲಭವಾಗಿ ಊಹಿಸಿಕೊಳ್ಳಬಹುದು. ಹೆಸರಾದ ಬೆನ್ಷಿ ಮಾತನಾಡುವನೆಂದರೆ ಚಿತ್ರ ಯಾವುದೇ ಇರಲಿ ಜನ ಬರುತ್ತಿದ್ದರು. 1920ರ ದಶಕದ ಕೊನೆಗೆ ಇಂಥವರು 6,000ಕ್ಕೂ ಮಿಕ್ಕಿದ್ದರು. ಜೆಫ್ರಿ ಡಿಮ್ ಎಂಬುವರು 2003ರಲ್ಲಿ ಇವರನ್ನು ಕುರಿತೇ ಒಂದು ಗ್ರಂಥವನ್ನು ಬರೆದಿದ್ದಾರೆ.

ಆಮೇಲೆ ವಾಕ್ಚಿತ್ರ ಬಂತು. 1931ರಲ್ಲಿ ಹೈನೊಸುಕೆ ಗೋಶೊ ತೆಗೆದ ಚಿತ್ರ ಅಲ್ಲಿ ಯಶಸ್ವಿಯಾದ ಮೊದಲ ವಾಕ್ಚಿತ್ರ. ತೆರೆಯೇ ಮಾತನಾಡತೊಡಗಿದ ಮೇಲೆ ಪಕ್ಕದಲ್ಲಿ ನಿಂತು ಮಾತನಾಡುವವನಿಗೇನು ಕೆಲಸ? ಬೆನ್ಷಿಗಳು ಮುಷ್ಕರ ಹೂಡಿದರು, ಫಲವಾಗಲಿಲ್ಲ. ಇದರ ನೋವನ್ನು ಅಕಿರ ಕುರೊಸಾವರು ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ. ಅವರ ಅಣ್ಣ ಹೈಗೊ ಬೆನ್ಷಿಯಾಗಿದ್ದವನು, ಮುಷ್ಕರದ ಮುಂದಾಳುಗಳಲ್ಲಿ ಒಬ್ಬ. ತಮ್ಮನಿಗೆ ಒಳ್ಳೆಯ ಚಿತ್ರಗಳ ರುಚಿ ಹತ್ತಿಸಿದವನೂ ಅವನೇ. 1933ರಲ್ಲಿ ಅವನು ಪ್ರಾಣ ಕಳೆದುಕೊಂಡ. ಮುಸೆಯಿ ತೊಕುಗಾವ ಎಂಬ ಪ್ರಸಿದ್ಧ ಬೆನ್ಷಿಯು ಕುರೊಸಾವರನ್ನು ಮುಂದೆ ಕಂಡಾಗ, ನೀನು ನಿನ್ನ ಅಣ್ಣನ ಪಡಿಯಚ್ಚೇ; ಅವನು ಫೋಟೋದ ನೆಗೆಟಿವ್ ಆದರೆ ನೀನು ಪಾಸಿಟಿವ್ ಎಂಬರ್ಥದ ಮಾತನ್ನಾಡಿದನಂತೆ. ಈ ಮುಸೆಯಿಯ ಕಥೆ ಬಾನುಲಿಯ ಕೇಳುಗರಿಗೆ ವಿಶೇಷವಾಗಿ ರುಚಿಸಬಹುದು. ಚಿತ್ರಮಂದಿರದಲ್ಲಿ ಕೆಲಸ ತಪ್ಪಿದ ಮೇಲೆ ಅವನು ತನ್ನ ದನಿಯನ್ನು ರೇಡಿಯೋಗೆ ಒಯ್ದ. 1939ರಲ್ಲಿ 'ಮಿಯಾಮೊತೊ ಮುಸಾಶಿ' ಎಂಬ ಕಾದಂಬರಿಯನ್ನು ಅವನು ರೇಡಿಯೋದಲ್ಲಿ ಓದಲು ಪ್ರಾರಂಭಿಸಿದಾಗ ದೇಶವೇ ಕಿವಿಗೊಟ್ಟಿತು.

ಬೆನ್ಷಿಯಾದ ಬಳಿಕ ತೆರೆಯ ಮೇಲಿನ ಮೊದಲ ತಾರೆಯನ್ನು ಕಾಣೋಣ. ಮತ್ಸುನೊಸುಕೆ ಒನೊಯೆ ಹುಟ್ಟಿದ್ದು 1875ರಲ್ಲಿ. ಊರೂರು ಸುತ್ತುವ ನಾಟಕದವನಾಗಿದ್ದ ಇವನು 1909ರಿಂದ ಚಿತ್ರಗಳಲ್ಲಿ ಅಭಿನಯಿಸತೊಡಗಿದ. ಕಣ್ಣುಗುಡ್ಡೆಗಳನ್ನು ಅಗಲವಾಗಿ ಅರಳಿಸಿ ನೋಡುವ ಅಭಿನಯದಿಂದ ಮಕ್ಕಳು ಇವನಿಗೆ 'ಕಣ್ಣುಗುಡ್ಡೆ ಮತ್ಸು' ಎಂದು ಪ್ರೀತಿಯ ಹೆಸರಿಟ್ಟರು. ಸುಮಾರು 1,000 ಚಿತ್ರಗಳಲ್ಲಿ ಇವನು ನಟಿಸಿದನೆಂದು ಲೆಕ್ಕ ಹೇಳುತ್ತಾರೆ; ಅವು ಆಗಿನ ಕಾಲದ ಚಿಕ್ಕ ಚಿತ್ರಗಳು. 1926ರಲ್ಲಿ ಇವನು ತೀರಿಕೊಂಡಾಗ ಕಿಯೋಟೊ ನಗರದ ಬೀದಿಗಳಲ್ಲಿ ಜನ ಕಿಕ್ಕಿರಿದು ನೆರೆದರು. ಆ ಸಾವಿರ ಚಿತ್ರಗಳಲ್ಲಿ ಇಂದು ಉಳಿದಿರುವುದು ಬೆರಳೆಣಿಕೆಯಷ್ಟು. 1923ರ ಮಹಾಭೂಕಂಪ, ಆಮೇಲೆ ಯುದ್ಧದ ಬಾಂಬುಗಳು, ತಾನಾಗಿಯೇ ಕೆಡುವ ಮತ್ತು ಬೇಗ ಬೆಂಕಿ ಹತ್ತುವ ಹಳೆಯ ಫಿಲ್ಮು, ಮುಗಿದ ಚಿತ್ರವನ್ನು ಯಾರೂ ಕಾಪಾಡದ ಉದಾಸೀನ, ಇವೆಲ್ಲ ಸೇರಿ ಉಳಿದವನ್ನು ನುಂಗಿದವು. ಕನ್ನಡದ ಪ್ರಥಮ ವಾಕ್ಚಿತ್ರವಾದ 1934ರ 'ಸತಿ ಸುಲೋಚನ'ವನ್ನು ನೋಡಬೇಕೆಂದರೆ ನಮಗೂ ಪ್ರತಿ ಸಿಕ್ಕುವುದಿಲ್ಲ. ಆದಕಾರಣ ಈ ನಷ್ಟವೆಂಥದೆಂದು ತಮಗೆ ಬಿಡಿಸಿ ಹೇಳಬೇಕಾಗಿಲ್ಲ. ಚಿತ್ರವೇ ಹೋದಮೇಲೆ ನಟನು ಬದುಕಿರುವುದು ಪತ್ರಿಕೆಯ ಹಾಳೆಗಳಲ್ಲಿ, ಅವನ್ನು ಹುಡುಕಿ ಓದುವವರ ಗ್ರಂಥಗಳಲ್ಲಿ.

ಕೆಲವೊಮ್ಮೆ ಅದೃಷ್ಟವೂ ಕಣ್ತೆರೆಯುವುದುಂಟು. ಆ ಕಾಲದಲ್ಲಿ ನಾಟಕದ ಪದ್ಧತಿಯಂತೆ ಸಿನಿಮಾದಲ್ಲಿಯೂ ಸ್ತ್ರೀವೇಷವನ್ನು ಗಂಡಸರೇ ಹಾಕುತ್ತಿದ್ದರು. 1920ರ ಸುಮಾರಿಗೆ ನಟಿಯರು ಬಂದು ಇವರ ಕಾಲ ಮುಗಿಯಿತು. ಹಾಗೆ ಸ್ತ್ರೀವೇಷ ಹಾಕುತ್ತಿದ್ದ ತೈನೊಸುಕೆ ಕಿನುಗಾಸ ನಿರ್ದೇಶಕನಾಗಿ, 1926ರಲ್ಲಿ ಹುಚ್ಚರ ಆಸ್ಪತ್ರೆಯ ಕಥೆಯೊಂದನ್ನು ಚಿತ್ರವಾಗಿ ತೆಗೆದ. ಅದು ಕಳೆದೇಹೋಯಿತೆಂದು ಎಲ್ಲರೂ ತಿಳಿದಿದ್ದರು. 1971ರಲ್ಲಿ ಅವನ ಮನೆಯ ಉಗ್ರಾಣದಲ್ಲಿಯೇ ಅದು ಸಿಕ್ಕಿತು! ಇಂದು ಇಂಥ ಚಿತ್ರಗಳನ್ನು ಕಾಪಾಡಲೆಂದೇ ಟೋಕಿಯೊದಲ್ಲಿ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯವಿದೆ.

ಇಲ್ಲಿಯವರೆಗೆ ಕಾಲದಿಂದ ಒದಗಿದ ಕಷ್ಟವನ್ನು ಹೇಳಿದೆ. ಇನ್ನು ಪ್ರೇಕ್ಷಕರಿಂದಲೇ ಒದಗುವ ಕಷ್ಟವನ್ನು ನೋಡಬೇಕು. ಸೆಸ್ಸೂ ಹಯಕಾವ ಜಪಾನಿನಲ್ಲಿ ಹುಟ್ಟಿ ಅಮೆರಿಕದಲ್ಲಿ ತಾರೆಯಾದವನು. ದೈಸುಕೆ ಮಿಯಾವೊ ಅವರು 2007ರಲ್ಲಿ ಇವನನ್ನು ಕುರಿತು ಬಹು ಉಪಯುಕ್ತವಾದ ಪುಸ್ತಕವನ್ನು ಪ್ರಕಟಿಸಿದರು. 1915ರ 'ದಿ ಚೀಟ್' ಎಂಬ ಚಿತ್ರದಲ್ಲಿ ಇವನದು ಸಾಲ ಕೊಟ್ಟ ಬಿಳಿಯ ಹೆಂಗಸಿನ ಭುಜದ ಮೇಲೆ ಕಾದ ಮುದ್ರೆಯೊತ್ತುವ ಜಪಾನೀ ವ್ಯಾಪಾರಿಯ ಪಾತ್ರ. ಅಮೆರಿಕದ ಪ್ರೇಕ್ಷಕರು ಹೆದರುತ್ತಲೇ ಮರುಳಾದರು. ಅಲ್ಲಿ ನೆಲೆಸಿದ್ದ ಜಪಾನೀಯರಾದರೋ ನಮ್ಮ ಮಾನ ಕಳೆದೆಯೆಂದು ಇವನ ಮೇಲೆ ಹರಿಹಾಯ್ದರು. 1918ರಲ್ಲಿ ಚಿತ್ರವನ್ನು ಪುನಃ ಬಿಡುಗಡೆ ಮಾಡುವಾಗ ಜಪಾನು ಅಮೆರಿಕದ ಮಿತ್ರರಾಷ್ಟ್ರವಾಗಿತ್ತು. ಆದ್ದರಿಂದ ಬರಹದ ಪಟ್ಟಿಗಳನ್ನು ತಿದ್ದಿ ಆ ವ್ಯಾಪಾರಿಯನ್ನು ಬರ್ಮಾದವನನ್ನಾಗಿ ಮಾಡಿದರು. ಮುಖ ಅದೇ, ಅಭಿನಯ ಅದೇ. ದೇಶ ಮಾತ್ರ ಬದಲಾಯಿತು. ಒಂದೇ ಮುಖ ಒಂದು ಜನಕ್ಕೆ ಮೋಹಕವೂ ಇನ್ನೊಂದು ಜನಕ್ಕೆ ಅವಮಾನಕರವೂ ಆಗಿ, ನಡುವೆ ನಿಂತ ಮನುಷ್ಯ ಎರಡು ಕಡೆಗೂ ಜವಾಬು ಹೇಳಬೇಕಾಯಿತು.

ಇದಕ್ಕಿಂತಲೂ ಕಠಿನವಾದ ಕಥೆ ಯೋಷಿಕೊ ಯಾಮಗುಚಿಯವರದು. ಜಪಾನೀ ದಂಪತಿಗಳ ಮಗಳಾದ ಈಕೆ ಹುಟ್ಟಿದ್ದು 1920ರಲ್ಲಿ, ಚೀನದ ಮಂಚೂರಿಯಾದಲ್ಲಿ. ತಂದೆ ಅಲ್ಲಿನ ರೈಲ್ವೆ ನೌಕರರಿಗೆ ಚೀನೀ ಭಾಷೆ ಕಲಿಸುವ ಉಪಾಧ್ಯಾಯರು. ತಂದೆಯ ಚೀನೀ ಸ್ನೇಹಿತರೊಬ್ಬರು ಅಲ್ಲಿಯ ವಾಡಿಕೆಯಂತೆ ಈ ಹುಡುಗಿಯನ್ನು ಮಾನಸಪುತ್ರಿಯೆಂದು ಸ್ವೀಕರಿಸಿ ಲೀ ಶಿಯಾಂಗ್‌ಲಾನ್ ಎಂದು ಹೆಸರಿಟ್ಟರು. ಪರಿಮಳದ ಆರ್ಕಿಡ್ ಹೂವೆಂದು ಆ ಹೆಸರಿನ ಅರ್ಥ. ಜಪಾನೀ ಉಚ್ಚಾರಣೆಯಲ್ಲಿ ಅದೇ 'ರಿ ಕೋರಾನ್'. ರಷ್ಯನ್ ಗಾಯಕಿಯೊಬ್ಬರಲ್ಲಿ ಸಂಗೀತ ಕಲಿತ ಹುಡುಗಿಯ ಕಂಠವನ್ನು ಮುಕ್ದೆನ್ ನಗರದ ರೇಡಿಯೋ ಕೇಂದ್ರದವರು ಕೇಳಿದರು. ಅವರಿಗೆ ಚೀನೀ ಹಾಡು ಹಾಡುವ, ಜಪಾನೀ ಮಾತು ಅರ್ಥವಾಗುವ ಗಾಯಕಿ ಬೇಕಾಗಿತ್ತು. 13 ವರ್ಷದ ಹುಡುಗಿ ಚೀನೀ ಹೆಸರಿನಲ್ಲಿಯೇ ಹಾಡಿದಳು. ಕೇಳಿದವರು ಚೀನೀ ಹುಡುಗಿಯೆಂದೇ ತಿಳಿದರು. ಮುಖ ಕಾಣದ ಬಾನುಲಿಯಲ್ಲಿ ಹುಟ್ಟಿದ ಈ ಭ್ರಮೆಯನ್ನು ಸಿನಿಮಾದವರು ಮುಂದೆ ಬಂಡವಾಳ ಮಾಡಿಕೊಂಡರು. ಜಪಾನು ಮಂಚೂರಿಯಾವನ್ನು ಆಕ್ರಮಿಸಿ ಅಲ್ಲಿ 1937ರಲ್ಲಿ ಒಂದು ಚಿತ್ರಸಂಸ್ಥೆಯನ್ನು ಸ್ಥಾಪಿಸಿತ್ತು. 1938ರಿಂದ ಈಕೆ ಅದರ ತಾರೆ. ಜಪಾನೀ ವೀರನನ್ನು ಪ್ರೀತಿಸುವ ಚೀನೀ ತರುಣಿಯ ಪಾತ್ರಗಳೇ ಈಕೆಗೆ ಸಿಕ್ಕಿದವು. 1940ರ 'ಚೀನದ ಇರುಳುಗಳು' ಚಿತ್ರದಲ್ಲಿ ಜಪಾನೀ ನಾಯಕ ಈಕೆಯ ಕೆನ್ನೆಗೆ ಹೊಡೆಯುತ್ತಾನೆ; ಆ ಏಟಿನಿಂದಲೇ ಆಕೆಗೆ ಅವನಲ್ಲಿ ಪ್ರೇಮ ಹುಟ್ಟುತ್ತದೆ! ಏಟು ಒಂದು ಅವಮಾನ, ಏಟು ತಿಂದು ಪ್ರೀತಿಸುವುದು ಎರಡನೆಯ ಅವಮಾನ. ಚೀನದ ಜನಕ್ಕೆ ಅದೆಷ್ಟು ನೋವು ತಂದಿರಬೇಕೆಂದು ಈಕೆ ಆಮೇಲೆ ಬರೆದಿದ್ದಾರೆ. ಜಪಾನಿನಲ್ಲಾದರೆ, 1941ರ ಫೆಬ್ರವರಿಯಲ್ಲಿ ಟೋಕಿಯೊದ ರಂಗಮಂದಿರದಲ್ಲಿ ಹಾಡಲು ಬಂದಾಗ, ಜನರ ಸಾಲು ಆ ಕಟ್ಟಡವನ್ನು ಏಳೂವರೆ ಸುತ್ತು ಸುತ್ತಿತ್ತೆಂದು ಪ್ರತೀತಿ.

1945ರಲ್ಲಿ ಯುದ್ಧ ಮುಗಿಯಿತು. ಶಾಂಘೈಯಲ್ಲಿದ್ದ ಈಕೆಯ ಮೇಲೆ, ಚೀನೀಯಳಾಗಿ ಶತ್ರುವಿನೊಡನೆ ಸೇರಿದ ದೇಶದ್ರೋಹವೆಂಬ ಆರೋಪ ಬಂತು. ಅದು ಮರಣದಂಡನೆಗೂ ಗುರಿಮಾಡಬಹುದಾದ ಆರೋಪ. ತಾನು ಜಪಾನೀಯಳೆಂದು ರುಜುವಾದರೆ ಮಾತ್ರ ಬಿಡುಗಡೆ. ಇಡೀ ಲೋಕ ನಂಬಿದ್ದ ಹೆಸರು ಈಗ ಕುತ್ತಿಗೆಗೆ ಉರುಳಾಯಿತು. ಈಕೆಯ ಬಾಲ್ಯದ ಗೆಳತಿ ಲ್ಯೂಬಾ ಎಂಬ ರಷ್ಯನ್ ಯಹೂದಿ ಹುಡುಗಿ ಪೀಕಿಂಗಿನಲ್ಲಿದ್ದ ತಂದೆತಾಯಿಗಳನ್ನು ಹುಡುಕಿಕೊಂಡು ಹೋಗಿ, ಕುಟುಂಬದ ಜನನ ದಾಖಲೆಯನ್ನು ಒಂದು ಜಪಾನೀ ಬೊಂಬೆಯೊಳಗೆ ಅಡಗಿಸಿ ತಲುಪಿಸಿದಳು. 1946ರಲ್ಲಿ ಆರೋಪ ಬಿದ್ದುಹೋಯಿತು. ಜಪಾನಿಗೆ ಹೊರಟ ಹಡಗು ಶಾಂಘೈ ರೇವನ್ನು ಬಿಡುವಾಗ ರೇಡಿಯೋದಲ್ಲಿ ತನ್ನದೇ ಹಾಡು ಕೇಳಿಬಂದುದನ್ನು ಈಕೆ ನೆನೆಸಿಕೊಂಡಿದ್ದಾರೆ. ಮುಂದೆ 1974ರಿಂದ 1992ರವರೆಗೆ ಜಪಾನಿನ ಸಂಸತ್ತಿನ ಮೇಲ್ಮನೆಯ ಸದಸ್ಯೆಯಾಗಿದ್ದು, 2014ರಲ್ಲಿ ತೀರಿಕೊಂಡರು. 1987ರಲ್ಲಿ ಪತ್ರಕರ್ತ ಸಕುಯ ಫುಜಿವಾರರೊಡನೆ ಬರೆದ ಆತ್ಮಕಥೆಯು 2015ರಲ್ಲಿ 'ಫ್ರೇಗ್ರಂಟ್ ಆರ್ಕಿಡ್' ಎಂದು ಇಂಗ್ಲಿಷಿಗೆ ಬಂದಿದೆ. ಇದರಲ್ಲಿ ನನಗೆ ಹೆಚ್ಚಾಗಿ ಕಂಡ ಗುಣವೆಂದರೆ, ತನಗೇನೂ ತಿಳಿಯದೆಂದು ಈಕೆ ಜಾರಿಕೊಳ್ಳುವುದಿಲ್ಲ. ಚಿಕ್ಕವಳಾಗಿದ್ದೆನೆಂಬುದನ್ನು ಹೇಳುತ್ತಾರೆ, ಆ ಚಿತ್ರಗಳಿಂದ ಆದ ಅನ್ಯಾಯದಲ್ಲಿ ತನ್ನ ಪಾಲೂ ಇದೆಯೆಂಬುದನ್ನು ಒಪ್ಪುತ್ತಾರೆ.

ಉಪಾಧ್ಯಾಯನಾದ ನನಗೆ ಹತ್ತಿರವಾದ ಇನ್ನೊಂದು ಜೀವನ ಹಿದೆಕೊ ತಕಾಮಿನೆಯವರದು. 1924ರಲ್ಲಿ ಹುಟ್ಟಿದ ಈಕೆ ಎಳವೆಯಲ್ಲಿಯೇ ತಾಯಿಯನ್ನು ಕಳೆದುಕೊಂಡು ಸೋದರತ್ತೆಯ ಮನೆ ಸೇರಿದಳು. 1929ರಲ್ಲಿ, ಐದು ವರ್ಷದವಳಿದ್ದಾಗ, ಸಿನಿಮಾ ಸೇರಿದಳು. ಅಂದಿನಿಂದ ಮನೆಯವರ ಅನ್ನ ಈ ಮಗುವಿನ ದುಡಿಮೆಯಿಂದ. ಹಗಲೆಲ್ಲ ಸ್ಟುಡಿಯೋದಲ್ಲಿ ಕಳೆದ ಮಗು ಶಾಲೆಯಲ್ಲಿ ಕುಳಿತದ್ದು ಬಹಳ ಸ್ವಲ್ಪ. ಇದೇ ಹಿದೆಕೊ 1954ರಲ್ಲಿ, ಕೈಸುಕೆ ಕಿನೊಶಿತ ನಿರ್ದೇಶಿಸಿದ 'ಇಪ್ಪತ್ತನಾಲ್ಕು ಕಣ್ಣುಗಳು' ಚಿತ್ರದಲ್ಲಿ ದ್ವೀಪವೊಂದರ ಪ್ರಾಥಮಿಕ ಶಾಲೆಯ ಉಪಾಧ್ಯಾಯಿನಿಯಾದರು. ಆಕೆಗೆ ಹನ್ನೆರಡು ಮಂದಿ ಶಿಷ್ಯರು. ಹುಡುಗರು ಬೆಳೆದು ಯುದ್ಧಕ್ಕೆ ಹೋಗುತ್ತಾರೆ, ಹಿಂದಿರುಗುವವರು ಕೆಲವರೇ. ಕಣ್ಣು ಕಳೆದುಕೊಂಡು ಬಂದವನೊಬ್ಬ ಹಳೆಯ ತರಗತಿಯ ಭಾವಚಿತ್ರದ ಮೇಲೆ ಬೆರಳಿಟ್ಟು, ಇಲ್ಲಿ ಇಂಥವನು, ಇಲ್ಲಿ ಇಂಥವಳು ಎಂದು ಒಬ್ಬೊಬ್ಬರನ್ನೇ ಹೇಳುವ ದೃಶ್ಯವನ್ನು ಮೂವತ್ತು ವರ್ಷ ಪಾಠ ಹೇಳಿದ ಯಾವನೂ ಒಣಗಣ್ಣಿನಿಂದ ನೋಡಲಾರ. ಇಡೀ ದೇಶ ಆದರ್ಶ ಉಪಾಧ್ಯಾಯಿನಿಯೆಂದು ತಲೆಬಾಗಿದ ಆ ಮುಖ ತಾನು ಮಾತ್ರ ಶಾಲೆಯ ಸುಖವನ್ನು ಉಂಡದ್ದಲ್ಲ. ಅಕ್ಷರವನ್ನು ಹಟದಿಂದ ಸಂಪಾದಿಸಿದ ಈಕೆ 1976ರಲ್ಲಿ ತನ್ನ ಜೀವನಕಥೆಯನ್ನು ಎರಡು ಸಂಪುಟಗಳಲ್ಲಿ ಬರೆದು, ಜಪಾನಿನ ಪ್ರಬಂಧಕಾರರ ಸಂಘದ ಬಹುಮಾನವನ್ನು ಪಡೆದರು. ಸಾಕುತಾಯಿಯ ಪ್ರೀತಿಯನ್ನೂ ಹಣದಾಸೆಯನ್ನೂ ಒಟ್ಟಿಗೇ ತೆರೆದಿಟ್ಟ ಪುಸ್ತಕವದು. ಅವರು ತೀರಿಕೊಂಡದ್ದು 2010ರಲ್ಲಿ.

ಇಂಥವರ ದುಡಿಮೆಯ ಮೇಲೆ ನಿಂತ ಉದ್ಯಮ ಎಷ್ಟು ದೊಡ್ಡದೆಂದು ತಾವು ಊಹಿಸಬಹುದು. 1958ರಲ್ಲಿ ಜಪಾನಿನಲ್ಲಿ ಮಾರಿದ ಸಿನಿಮಾ ಟಿಕೆಟ್ಟುಗಳು 112 ಕೋಟಿಗೂ ಹೆಚ್ಚು. ಎಂದರೆ ಮಕ್ಕಳು ಮುದುಕರೆನ್ನದೆ ತಲೆಗೆ ವರ್ಷಕ್ಕೆ ಹನ್ನೆರಡು ಸಲ. ಒಂದು ಕಂಪನಿಯ ತಾರೆಯನ್ನು ಇನ್ನೊಂದು ಕಂಪನಿ ಸೆಳೆದುಕೊಳ್ಳಬಾರದೆಂದು 1953ರಲ್ಲಿ ಐದು ಕಂಪನಿಗಳು ಒಪ್ಪಂದ ಮಾಡಿಕೊಂಡಿದ್ದವು. ಕಂಪನಿಯೊಡನೆ ಜಗಳವಾಡಿದ ನಟನಿಗೆ ಬೇರೆ ಬಾಗಿಲುಗಳೂ ಮುಚ್ಚುತ್ತಿದ್ದವು. ಹೊರಗಿನಿಂದ ಅರಮನೆಯಂತೆ ಕಾಣುವುದು ಒಳಗಿದ್ದವರಿಗೆ ಹಾಗೆ ಕಾಣುತ್ತಿರಲಿಲ್ಲ.

ಕೊನೆಯದಾಗಿ, ಆತ್ಮಕಥೆಯನ್ನು ಬರೆಯದೆ ಉಳಿದ ಒಬ್ಬರನ್ನು ನೆನೆಯಬೇಕು. ಸೆತ್ಸುಕೊ ಹಾರ ಹುಟ್ಟಿದ್ದು ಯಾಮಗುಚಿಯವರು ಹುಟ್ಟಿದ 1920ರಲ್ಲಿಯೇ. ಯಸುಜಿರೊ ಓಜು ಅವರ 1953ರ 'ಟೋಕಿಯೊ ಕಥೆ'ಯಲ್ಲಿ ಹೆತ್ತ ಮಕ್ಕಳಿಗಿಂತ ಹೆಚ್ಚಾಗಿ ಅತ್ತೆಮಾವಂದಿರನ್ನು ಆದರಿಸುವ ವಿಧವೆ ಸೊಸೆಯ ಪಾತ್ರ ಈಕೆಯದು. ಜನ ಈಕೆಯನ್ನು 'ಚಿರಕನ್ಯೆ' ಎಂದು ಕರೆದರು. 1962ರ ಬಳಿಕ ಈಕೆ ಯಾವ ಚಿತ್ರದಲ್ಲಿಯೂ ಕಾಣಿಸಿಕೊಳ್ಳಲಿಲ್ಲ. ಕಾಮಕುರ ಎಂಬ ಊರಿನಲ್ಲಿ ಮನೆ ಸೇರಿದವರು ಪತ್ರಿಕೆಯವರಿಗೆ ಬಾಗಿಲು ತೆರೆಯಲಿಲ್ಲ. ಐವತ್ತು ವರ್ಷಗಳಿಗೂ ಮಿಕ್ಕಿ ಹಾಗೆಯೇ ಇದ್ದರು. 2015ರ ಸೆಪ್ಟೆಂಬರಿನಲ್ಲಿ ತೀರಿಕೊಂಡ ಸುದ್ದಿ ಲೋಕಕ್ಕೆ ತಿಳಿದದ್ದು ನವೆಂಬರಿನಲ್ಲಿ. ಏಕೆ ಹೋದರೆಂದು ಬರೆದವರು ಹಲವರು. ಅವರವರ ಊಹೆಯನ್ನು ಪಕ್ಕಕ್ಕಿಟ್ಟು, ಇನ್ನು ಸಾಕೆಂದು ಹೇಳುವ ಹಕ್ಕು ನಟಿಗೂ ಉಂಟೆಂದು ಒಪ್ಪಿಕೊಳ್ಳುವುದೇ ಮರ್ಯಾದೆಯೆಂದು ನನಗೆ ತೋರುತ್ತದೆ.

ಈ ಪುಸ್ತಕಗಳನ್ನೆಲ್ಲ ಓದಬೇಕೆಂದು ನಾನು ಹೇಳುವುದಿಲ್ಲ. ಓದಬೇಕೆನ್ನುವವರು ಮೊದಲು ಕುರೊಸಾವರ ಆತ್ಮಕಥೆಯಿಂದ ಪ್ರಾರಂಭಿಸಬಹುದು. 'ಸಂಥಿಂಗ್ ಲೈಕ್ ಆನ್ ಆಟೋಬಯಾಗ್ರಫಿ' ಎಂದು 1982ರಲ್ಲಿ ಬಂದ ಅದರ ಇಂಗ್ಲಿಷ್ ತಿಳಿಯಾಗಿದೆ. ಹೈಸ್ಕೂಲು ದಾಟಿದ ಮಕ್ಕಳೂ ಓದಬಲ್ಲರು. ಅನಂತರ ಯಾಮಗುಚಿಯವರ ಪುಸ್ತಕ. ಶಾಸ್ತ್ರೀಯವಾದ ಚರ್ಚೆ ಬೇಕೆನ್ನುವವರಿಗೆ ಫುಜಿಕಿ, ಮಿಯಾವೊ ಇದ್ದಾರೆ. ತಮ್ಮ ಊರಿನ ಪುಸ್ತಕ ಭಂಡಾರದಲ್ಲಿ ಇವು ಇಲ್ಲವಾದರೆ ತರಿಸಿಕೊಡಿರೆಂದು ಕೇಳಿ ನೋಡಬಹುದು. ನಾಲ್ಕು ಜನ ಕೇಳಿದರೆ ಬರುವ ಸಂಭವವುಂಟು.

ನಮ್ಮ ಮನೆಗಳಲ್ಲಿಯೂ ನಟನಟಿಯರ ಮಾತು ಬರುತ್ತದೆ. ಊಟದ ಹೊತ್ತಿನಲ್ಲಿ ಒಬ್ಬರನ್ನು ದೇವರೆನ್ನುತ್ತೇವೆ, ಇನ್ನೊಬ್ಬರನ್ನು ಹಗುರವಾಗಿ ಆಡಿಕೊಳ್ಳುತ್ತೇವೆ. ಮಕ್ಕಳು ಕೇಳುತ್ತಿರುತ್ತಾರೆ. ಅಂಥ ಹೊತ್ತಿನಲ್ಲಿ ಐದು ವರ್ಷದ ಹಿದೆಕೊಳನ್ನೂ, ಬೊಂಬೆಯೊಳಗೆ ಬಂದ ಆ ದಾಖಲೆಯನ್ನೂ ಒಮ್ಮೆ ನೆನೆದರೆ ಮಾತಿನ ಧಾಟಿ ಸ್ವಲ್ಪ ಬದಲಾದೀತು. ಆ ಪಾತ್ರೆಗೆ ಜೀವವುಂಟೆಂಬ ಎಚ್ಚರ ನೋಡುವ ನಮಗಿದ್ದರೆ ರಸಾಸ್ವಾದಕ್ಕೇನೂ ಕುಂದುಬಾರದೆಂದು ನನ್ನ ನಂಬಿಕೆ.